ಐದರ ಸರಣಿಯೋ ಏಳರ ಸರಣಿಯೋ: ಬೇಸ್‌ಬಾಲ್ ಪ್ಲೇಆಫ್‌ನ ಲೆಕ್ಕ ಎಲ್ಲಿ ತಪ್ಪುತ್ತದೆ

2025ರ ಅಕ್ಟೋಬರ್‌ನಲ್ಲಿ ಅಮೆರಿಕನ್ ಲೀಗ್ ಚಾಂಪಿಯನ್‌ಷಿಪ್ ಸರಣಿಯ ಐದು ಪಂದ್ಯ ಮುಗಿದಾಗ ಸಿಯಾಟಲ್ ಮ್ಯಾರಿನರ್ಸ್ 3-2ರಿಂದ ಮುಂದಿತ್ತು. ಅದು ಐದು ಪಂದ್ಯಗಳ ಸರಣಿಯಾಗಿದ್ದರೆ ಸಿಯಾಟಲ್ ತನ್ನ ಇತಿಹಾಸದಲ್ಲೇ ಮೊದಲ ಸಲ ವರ್ಲ್ಡ್ ಸೀರೀಸ್‌ಗೆ, ಅಂದರೆ ಎರಡು ಲೀಗ್‌ಗಳ ವಿಜೇತರ ನಡುವಿನ ಅಂತಿಮ ಸರಣಿಗೆ, ಕಾಲಿಡುತ್ತಿತ್ತು. ಆದರೆ ಸರಣಿ ಏಳು ಪಂದ್ಯಗಳದ್ದು. ಟೊರಾಂಟೊ ಬ್ಲೂ ಜೇಸ್ ಉಳಿದೆರಡನ್ನೂ ತವರಿನಲ್ಲಿ ಗೆದ್ದು ಮುಂದೆ ಹೋಯಿತು. ಎರಡು ವಾರ ತುಂಬುವುದರೊಳಗೆ ಅದೇ ನಿಯಮ ಟೊರಾಂಟೊ ಮೇಲೆಯೇ ತಿರುಗಿಬಿತ್ತು. ಲಾಸ್ ಏಂಜಲಿಸ್ ಡಾಡ್ಜರ್ಸ್ ವಿರುದ್ಧ ವರ್ಲ್ಡ್ ಸೀರೀಸ್‌ನ ಐದು ಪಂದ್ಯಗಳ ನಂತರ ಟೊರಾಂಟೊ 3-2ರಿಂದ ಮುಂದಿತ್ತು, ಕೊನೆಗೆ ತವರಿನಲ್ಲೇ 4-3ರಿಂದ ಸರಣಿ ಕಳೆದುಕೊಂಡಿತು.

ಇದೇ ತಂಡಕ್ಕೆ 40 ವರ್ಷದ ಹಿಂದೆಯೂ ಇಂಥದೇ ಪೆಟ್ಟು ಬಿದ್ದಿತ್ತು. 1984ರವರೆಗೆ ಲೀಗ್ ಚಾಂಪಿಯನ್‌ಷಿಪ್ ಸರಣಿ ಐದು ಪಂದ್ಯಗಳದ್ದು, ಮೂರು ಗೆದ್ದವರಿಗೆ ಪಟ್ಟ. 1985ರಲ್ಲಿ ಅದನ್ನು ಏಳಕ್ಕೆ ಏರಿಸಿದರು. ಆ ವರ್ಷವೇ ಟೊರಾಂಟೊ ಕ್ಯಾನ್ಸಸ್ ಸಿಟಿ ರಾಯಲ್ಸ್ ವಿರುದ್ಧ 3-1ರ ಮುನ್ನಡೆ ಪಡೆಯಿತು. ಹಿಂದಿನ ವರ್ಷದ ನಿಯಮ ಇದ್ದಿದ್ದರೆ ಅಲ್ಲಿಗೇ ಕಥೆ ಮುಗಿಯಬೇಕಿತ್ತು. ರಾಯಲ್ಸ್ ಉಳಿದ ಮೂರನ್ನೂ ಗೆದ್ದಿತು, ವರ್ಲ್ಡ್ ಸೀರೀಸ್‌ನಲ್ಲೂ 1-3ರ ಹಿನ್ನಡೆಯಿಂದ ಮೇಲೆದ್ದು ಚಾಂಪಿಯನ್ ಆಯಿತು.

ಇಂಥ ಉದಾಹರಣೆಗಳನ್ನು ನೋಡಿದರೆ ಸರಣಿ ಎಷ್ಟು ಪಂದ್ಯಗಳದ್ದು ಎಂಬುದೇ ಎಲ್ಲವನ್ನೂ ನಿರ್ಧರಿಸುತ್ತದೆ ಅನ್ನಿಸುತ್ತದೆ. 'ಪ್ಲೇಆಫ್‌ನ ಎರಡನೇ ಸುತ್ತಾದ, ಈಗ ಐದು ಪಂದ್ಯಗಳಿರುವ ಡಿವಿಷನ್ ಸರಣಿಯನ್ನೂ ಏಳಕ್ಕೆ ಏರಿಸಿ, ಆಗ ಒಳ್ಳೆಯ ತಂಡಕ್ಕೆ ನ್ಯಾಯ ಸಿಗುತ್ತದೆ' ಎಂಬ ಒತ್ತಾಯ ಕೆಲವು ವರ್ಷಗಳಿಂದ ಜೋರಾಗಿರುವುದೂ ಇದೇ ಕಾರಣಕ್ಕೆ. ಲೆಕ್ಕ ಹಾಕಿ ನೋಡಿದರೆ ಈ ಒತ್ತಾಯದಲ್ಲಿ ಅಷ್ಟು ಹುರುಳಿಲ್ಲ. ಐದನ್ನು ಏಳು ಮಾಡಿದರೆ ಉತ್ತಮ ತಂಡಕ್ಕೆ ಆಗುವ ಲಾಭ ತೀರಾ ಸಣ್ಣದು. ಪಂದ್ಯಗಳು ಎಲ್ಲಿ ನಡೆಯುತ್ತವೆ, ನಡುವೆ ಎಷ್ಟು ದಿನ ಬಿಡುವು, ಯಾವ ತಂಡ ಎಷ್ಟು ಮುನ್ನಡೆಯೊಂದಿಗೆ ಸರಣಿಗೆ ಇಳಿಯುತ್ತದೆ ಎನ್ನುವುದು ಅದಕ್ಕಿಂತ ಎಷ್ಟೋ ಹೆಚ್ಚು ತೂಕದ್ದು.

ಈಗಿನ ವ್ಯವಸ್ಥೆ

ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ 30 ತಂಡಗಳಿವೆ. ಅಮೆರಿಕನ್ ಲೀಗ್, ನ್ಯಾಷನಲ್ ಲೀಗ್ ಎಂದು ತಲಾ 15, ಪ್ರತಿ ಲೀಗ್‌ನಲ್ಲಿ ಮೂರು ಡಿವಿಷನ್. ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆಯವರೆಗೆ ಪ್ರತಿ ತಂಡವೂ 162 ಪಂದ್ಯ ಆಡುತ್ತದೆ. 2022ರಿಂದ ಪ್ರತಿ ಲೀಗ್‌ನಿಂದ ಆರು ತಂಡ, ಒಟ್ಟು 12 ತಂಡ ಪ್ಲೇಆಫ್‌ಗೆ ಹೋಗುತ್ತಿವೆ: ಮೂವರು ಡಿವಿಷನ್ ವಿಜೇತರು, ಉಳಿದವರಲ್ಲಿ ಹೆಚ್ಚು ಗೆದ್ದ ಮೂವರು 'ವೈಲ್ಡ್ ಕಾರ್ಡ್'ನವರು. ಡಿವಿಷನ್ ಗೆದ್ದವರಿಗೆ 1ರಿಂದ 3ರ ಶ್ರೇಯಾಂಕ, ವೈಲ್ಡ್ ಕಾರ್ಡ್‌ನವರಿಗೆ 4ರಿಂದ 6. ಡಿವಿಷನ್ ಗೆಲ್ಲದೆ ಎಷ್ಟೇ ಪಂದ್ಯ ಗೆದ್ದರೂ ನಾಲ್ಕಕ್ಕಿಂತ ಮೇಲಿನ ಶ್ರೇಯಾಂಕವಿಲ್ಲ. 2022ರಲ್ಲಿ ನ್ಯೂಯಾರ್ಕ್ ಮೆಟ್ಸ್ 101 ಪಂದ್ಯ ಗೆದ್ದರೂ ನಾಲ್ಕನೆಯದಾಯಿತು, 93 ಗೆದ್ದ ಸೇಂಟ್ ಲೂಯಿಸ್ ಕಾರ್ಡಿನಲ್ಸ್ ಮೂರನೆಯದು.

ಮೊದಲ ಸುತ್ತು ವೈಲ್ಡ್ ಕಾರ್ಡ್ ಸರಣಿ: ಮೂರರಲ್ಲಿ ಎರಡು ಗೆಲ್ಲಬೇಕು, ಎಲ್ಲ ಪಂದ್ಯಗಳೂ ಮೇಲಿನ ಶ್ರೇಯಾಂಕದವರ ಅಂಗಳದಲ್ಲಿ. ಇದರಲ್ಲಿ 3ನೆಯವರು 6ನೆಯವರನ್ನು, 4ನೆಯವರು 5ನೆಯವರನ್ನು ಎದುರಿಸುತ್ತಾರೆ. 1 ಮತ್ತು 2ನೇ ಶ್ರೇಯಾಂಕದವರು ಈ ಸುತ್ತು ಆಡಬೇಕಿಲ್ಲ, ನೇರ ಎರಡನೇ ಸುತ್ತಿಗೆ ಬರುತ್ತಾರೆ. ಅದು ಡಿವಿಷನ್ ಸರಣಿ: ಐದರಲ್ಲಿ ಮೂರು, ಮೊದಲೆರಡು ಮೇಲಿನವರ ಊರಿನಲ್ಲಿ, ಮುಂದಿನೆರಡು ಕೆಳಗಿನವರ ಊರಿನಲ್ಲಿ, ಐದನೆಯದು ಮತ್ತೆ ಮೇಲಿನವರಲ್ಲಿ. ನಂತರದ ಲೀಗ್ ಚಾಂಪಿಯನ್‌ಷಿಪ್ ಸರಣಿಯೂ ವರ್ಲ್ಡ್ ಸೀರೀಸ್‌ ಕೂಡ ಏಳರಲ್ಲಿ ನಾಲ್ಕು, 2-3-2ರ ಹಂಚಿಕೆ. ವರ್ಲ್ಡ್ ಸೀರೀಸ್‌ನಲ್ಲಿ ಮೊದಲ ಪಂದ್ಯ ಯಾರ ಅಂಗಳದಲ್ಲಿ ಎಂಬುದನ್ನು 2017ರಿಂದ ಲೀಗ್ ಹಂತದ ಗೆಲುವುಗಳೇ ನಿರ್ಧರಿಸುತ್ತವೆ. 2003ರಿಂದ 2016ರವರೆಗೆ ಅದನ್ನು ನಿರ್ಧರಿಸುತ್ತಿದ್ದುದು ಜುಲೈನ ಆಲ್-ಸ್ಟಾರ್ ಪ್ರದರ್ಶನ ಪಂದ್ಯ! ಆ ವಿಚಿತ್ರ ಕ್ರಮವನ್ನು ಕೈಬಿಟ್ಟಿದ್ದೇ ಒಳ್ಳೆಯದಾಯಿತು.

ಪ್ಲೇಆಫ್‌ಗೆಂದೇ ಇನ್ನೂ ಕೆಲವು ನಿಯಮಗಳಿವೆ. ಲೀಗ್ ಹಂತದಲ್ಲಿ ನಿಗದಿತ ಒಂಬತ್ತು ಇನಿಂಗ್ಸ್ ಮುಗಿದಾಗ ಸಮವಾದರೆ ಹತ್ತನೆಯದರಿಂದ ಎರಡನೇ ಬೇಸ್‌ನಲ್ಲಿ, ಅಂದರೆ ಓಟದ ಅರ್ಧ ದಾರಿಯಲ್ಲಿ, ಒಬ್ಬ ಓಟಗಾರನನ್ನು ಮೊದಲೇ ನಿಲ್ಲಿಸುತ್ತಾರೆ, ಪಂದ್ಯ ಬೇಗ ಮುಗಿಯಲಿ ಎಂದು. ಪ್ಲೇಆಫ್‌ನಲ್ಲಿ ಆ ಸೌಲಭ್ಯವಿಲ್ಲ, ಯಾರಾದರೂ ಗೆಲ್ಲುವವರೆಗೆ ಆಡಲೇಬೇಕು. ಮಳೆ ಬಂದರೆ ಪಂದ್ಯವನ್ನು ಅರ್ಧಕ್ಕೇ ಮುಗಿಸಿ ಫಲಿತಾಂಶ ಘೋಷಿಸುವಂತಿಲ್ಲ, ನಿಂತಲ್ಲಿಂದಲೇ ಮುಂದುವರಿಸಬೇಕು. 2008ರ ವರ್ಲ್ಡ್ ಸೀರೀಸ್‌ನ ಐದನೇ ಪಂದ್ಯ ಫಿಲಡೆಲ್ಫಿಯಾದಲ್ಲಿ 2-2 ಆಗಿದ್ದಾಗ ಆರನೇ ಇನಿಂಗ್ಸ್‌ನಲ್ಲಿ ನಿಂತು, ಎರಡು ದಿನದ ನಂತರ ಮುಂದುವರಿದಿತ್ತು. ಅದಾದ ಮೇಲೆ ಈ ನಿಯಮ ಗಟ್ಟಿಯಾಯಿತು. 26 ಆಟಗಾರರ ಪಟ್ಟಿಯನ್ನು ಪ್ರತಿ ಸುತ್ತಿಗೆ ಮುನ್ನ ಬದಲಿಸಬಹುದು. ಆದರೆ ಸರಣಿಯ ನಡುವೆ ಗಾಯವೆಂದು ಒಬ್ಬರನ್ನು ತೆಗೆದರೆ ಆತ ಮುಂದಿನ ಸುತ್ತಿನಲ್ಲೂ ಆಡುವಂತಿಲ್ಲ. ಹಾಗಾಗಿ ಸುಳ್ಳು ಗಾಯದ ನೆಪ ಹೇಳಿ ಹೊಸ ಪಿಚರ್ (ಚೆಂಡು ಎಸೆಯುವವ) ತರುವ ದಾರಿ ಮುಚ್ಚಿದೆ.

ಶೇ 55ರ ತಂಡ

ಬೇಸ್‌ಬಾಲ್‌ನಲ್ಲಿ ಅತ್ಯುತ್ತಮ ತಂಡವೂ ಹೆಚ್ಚುಕಡಿಮೆ ಮೂರರಲ್ಲಿ ಒಂದು ಪಂದ್ಯವನ್ನು ಸೋಲುತ್ತದೆ ಎಂಬುದನ್ನು ಮೊದಲು ಮನಸ್ಸಿನಲ್ಲಿಟ್ಟುಕೊಳ್ಳಬೇಕು. 162ರಲ್ಲಿ 100 ಗೆದ್ದರೆ ಅದು ಭರ್ಜರಿ ವರ್ಷ, ಆದರೂ ಶೇ 62ರಷ್ಟೇ. ಅಂಥ ತಂಡ 90 ಗೆದ್ದ ಇನ್ನೊಂದು ಒಳ್ಳೆಯ ತಂಡವನ್ನು ಎದುರಿಸಿದರೆ ಒಂದು ಪಂದ್ಯದಲ್ಲಿ ಅದರ ಗೆಲುವಿನ ಸಾಧ್ಯತೆ ಶೇ 56ರ ಆಸುಪಾಸು. ಪ್ಲೇಆಫ್‌ನಲ್ಲಿ ಬಹುಪಾಲು ಸರಣಿಗಳು ಇಂಥವೇ. ಲೆಕ್ಕಕ್ಕೆ ಶೇ 55 ಎಂದು ಇಟ್ಟುಕೊಳ್ಳೋಣ.

ಒಂದೇ ಪಂದ್ಯವಾದರೆ ಉತ್ತಮ ತಂಡ ಗೆಲ್ಲುವ ಸಾಧ್ಯತೆ ಶೇ 55. ಮೂರರ ಸರಣಿಯಲ್ಲಿ ಅದು ಶೇ 57.5. ಐದರಲ್ಲಿ 59.3. ಏಳರಲ್ಲಿ 60.8. ಒಂಬತ್ತಕ್ಕೆ ಹೋದರೂ 62.1. ಅಂದರೆ ಡಿವಿಷನ್ ಸರಣಿಯನ್ನು ಐದರಿಂದ ಏಳಕ್ಕೆ ಏರಿಸಿದರೆ ಸಿಗುವುದು ಒಂದೂವರೆ ಶೇಕಡಾ ಅಂಶ. ನೂರು ಸರಣಿ ಆಡಿಸಿದರೆ ಒಂದೆರಡರ ಫಲಿತಾಂಶ ಬದಲಾದೀತು. ವರ್ಷಕ್ಕೆ ನಡೆಯುವುದು ನಾಲ್ಕೇ ಡಿವಿಷನ್ ಸರಣಿ, ಹಾಗಾಗಿ ಈ ವ್ಯತ್ಯಾಸ ಕಣ್ಣಿಗೆ ಕಾಣಲು ಹದಿನೈದಿಪ್ಪತ್ತು ವರ್ಷ ಬೇಕು.

ಹಾಗಾದರೆ ಶೇ 55ರ ತಂಡ ಹತ್ತರಲ್ಲಿ ಒಂಬತ್ತು ಸಲ ಗೆಲ್ಲುವಂತೆ ಮಾಡಲು ಸರಣಿ ಎಷ್ಟು ಉದ್ದವಿರಬೇಕು? ಉತ್ತರ, ಸುಮಾರು 163 ಪಂದ್ಯ. ಲೀಗ್ ಹಂತ 162 ಪಂದ್ಯಗಳದ್ದು ಎಂಬುದನ್ನು ನೆನೆದರೆ ಈ ಸಂಖ್ಯೆ ಮನಸ್ಸಿನಲ್ಲಿ ಉಳಿಯುತ್ತದೆ. ಯಾರು ಹೆಚ್ಚು ಬಲಶಾಲಿ ಎಂಬುದನ್ನು ತಿಳಿಯಲು ಆರು ತಿಂಗಳು ಬೇಕಾದ ಆಟದಲ್ಲಿ ಐದಕ್ಕೂ ಏಳಕ್ಕೂ ಇರುವ ಅಂತರ ದೊಡ್ಡದಾಗಲು ಸಾಧ್ಯವಿಲ್ಲ.

ಇನ್ನೂ ಬಲವಾದ ಉದಾಹರಣೆ 2022ರ ಡಾಡ್ಜರ್ಸ್. ಆ ವರ್ಷ ಅವರು ಗೆದ್ದಿದ್ದು 111. ಡಿವಿಷನ್ ಸರಣಿಯಲ್ಲಿ ಎದುರಾದ ಸ್ಯಾನ್ ಡಿಯಾಗೊ ಪಾಡ್ರೆಸ್ ಗೆದ್ದಿದ್ದು 89. ಲೀಗ್ ಹಂತದಲ್ಲಿ ಇವರಿಬ್ಬರ 19 ಮುಖಾಮುಖಿಗಳಲ್ಲಿ 14 ಡಾಡ್ಜರ್ಸ್ ಪಾಲಾಗಿದ್ದವು. ಸರಣಿಯನ್ನು ಪಾಡ್ರೆಸ್ 3-1ರಿಂದ ಗೆದ್ದಿತು. ಎರಡೂ ತಂಡಗಳ ವರ್ಷವಿಡೀ ಗೆಲುವಿನ ಪ್ರಮಾಣ ಹಿಡಿದು ಲೆಕ್ಕ ಹಾಕಿದರೆ ಒಂದು ಪಂದ್ಯದಲ್ಲಿ ಡಾಡ್ಜರ್ಸ್ ಸಾಧ್ಯತೆ ಶೇ 64, ಐದರ ಸರಣಿಯಲ್ಲಿ ಶೇ 75. ಏಳರದ್ದಾಗಿದ್ದರೆ ಶೇ 78 ದಾಟುತ್ತಿತ್ತು, ಅಷ್ಟೆ. ನಾಲ್ಕರಲ್ಲಿ ಒಂದು ಸಲ ಆಗುವಂಥದ್ದು ಆಯಿತು. ಅದಕ್ಕೆ ಸರಣಿಯ ಉದ್ದವನ್ನು ದೂರಿ ಪ್ರಯೋಜನವಿಲ್ಲ.

ಇದೇ ಲೆಕ್ಕವನ್ನು ಚಾಂಪಿಯನ್‌ಷಿಪ್‌ವರೆಗೆ ಎಳೆದರೆ, ಪ್ರತಿ ಎದುರಾಳಿಯ ವಿರುದ್ಧವೂ ಶೇ 55 ಇರುವ ತಂಡ ಮೊದಲ ಸುತ್ತು ತಪ್ಪಿಸಿಕೊಂಡು ಬಂದರೆ ಪ್ರಶಸ್ತಿ ಗೆಲ್ಲುವ ಸಾಧ್ಯತೆ ಶೇ 22. ಮೊದಲ ಸುತ್ತನ್ನೂ ಆಡಬೇಕಾದರೆ ಶೇ 12.6. 12 ತಂಡಗಳಿಗೂ ಸಮ ಅವಕಾಶ ಇದ್ದರೆ ಒಬ್ಬೊಬ್ಬರಿಗೆ ಶೇ 8.3 ಸಿಗುತ್ತಿತ್ತು. ಮೊದಲ ಸುತ್ತು ಆಡದೆ ಮುಂದೆ ಹೋಗುವ ಹಕ್ಕು ಎಷ್ಟು ಬೆಲೆಬಾಳುವಂಥದ್ದು ಎಂಬುದು ಈ ಅಂಕಿಗಳಲ್ಲೇ ಇದೆ. ಸರಣಿಯ ಉದ್ದ ಕೊಡದಿದ್ದುದನ್ನು ಅದು ಕೊಡುತ್ತದೆ.

ಚೆಂಡು ಎಸೆಯುವವರು ಯಾರು

ಮೇಲಿನ ಲೆಕ್ಕದಲ್ಲಿ ಒಂದು ಕೊರತೆ ಇದೆ. ಪ್ರತಿ ಪಂದ್ಯದಲ್ಲೂ ತಂಡದ ಬಲ ಒಂದೇ ಎಂದು ಅದು ಭಾವಿಸುತ್ತದೆ. ಬೇಸ್‌ಬಾಲ್‌ನಲ್ಲಿ ಹಾಗಿಲ್ಲ. ತಂಡದ ಬಲ ಆ ದಿನ ಪಂದ್ಯ ಆರಂಭಿಸುವ ಪಿಚರ್ (ಸ್ಟಾರ್ಟರ್) ಯಾರು ಎಂಬುದರ ಮೇಲೆ ಏರಿಳಿಯುತ್ತದೆ. ಸ್ಟಾರ್ಟರ್ ಒಬ್ಬ 90-100 ಎಸೆತ ಹಾಕಿದ ಮೇಲೆ ಸಾಮಾನ್ಯವಾಗಿ ನಾಲ್ಕು ದಿನ ವಿಶ್ರಾಂತಿ ಪಡೆದು ಐದನೇ ದಿನ ಮತ್ತೆ ಬರುತ್ತಾನೆ. ಲೀಗ್ ಹಂತದಲ್ಲಿ ದಿನಾ ಪಂದ್ಯ ಇರುವುದರಿಂದ ಐವರು ಸ್ಟಾರ್ಟರ್‌ಗಳು ಸರದಿಯಲ್ಲಿ ಬರುತ್ತಾರೆ. ಮೇಲಿನ ಮೂವರ ಪಾಲು ಅಲ್ಲಿ ಶೇ 60ರಷ್ಟು ಪಂದ್ಯ.

ಪ್ಲೇಆಫ್‌ನಲ್ಲಿ ಪ್ರಯಾಣಕ್ಕೆಂದು ಬಿಡುವಿನ ದಿನಗಳು ಬರುತ್ತವೆ, ಅಲ್ಲಿ ಸಮೀಕರಣವೇ ಬದಲಾಗುತ್ತದೆ. ಏಳರ ಸರಣಿಯಲ್ಲಿ ಎರಡನೇ ಮತ್ತು ಐದನೇ ಪಂದ್ಯದ ನಂತರ ಒಂದೊಂದು ದಿನ ಬಿಡುವು. ಒಂಬತ್ತು ದಿನದಲ್ಲಿ ಏಳು ಪಂದ್ಯ. ದಿನ ಎಣಿಸಿ ನೋಡಿ: ಮೊದಲ ಪಂದ್ಯದ ಸ್ಟಾರ್ಟರ್ ಪೂರ್ಣ ವಿಶ್ರಾಂತಿಯ ನಂತರ ಐದನೆಯದಕ್ಕೆ ಸಿದ್ಧ, ಎರಡನೆಯದರವನು ಆರನೆಯದಕ್ಕೆ, ಮೂರನೆಯದರವನು ಏಳನೆಯದಕ್ಕೆ. ನಾಲ್ಕನೇ ಪಿಚರ್ ಬೇಕಾಗುವುದು ನಾಲ್ಕನೇ ಪಂದ್ಯಕ್ಕೆ ಮಾತ್ರ. ಅಂದರೆ ಮೇಲಿನ ಮೂವರೇ ಏಳರಲ್ಲಿ ಆರು ಪಂದ್ಯ ಆರಂಭಿಸಬಹುದು. ಉದ್ದದ ಸರಣಿ ತಂಡದ ಆಳವನ್ನು ಪರೀಕ್ಷಿಸುತ್ತದೆ ಎನ್ನುವ ಮಾತು ಬಿಡುವಿನ ದಿನಗಳಿರುವವರೆಗೆ ನಿಜವಾಗುವುದಿಲ್ಲ.

ಐದರ ಸರಣಿಯಲ್ಲಂತೂ ಒಂದೇ ವರ್ಷ ಎರಡು ಲೀಗ್‌ಗೆ ಎರಡು ರೀತಿ. 2025ರಲ್ಲಿ ಅಮೆರಿಕನ್ ಲೀಗ್ ಡಿವಿಷನ್ ಸರಣಿಯ ದಿನಾಂಕಗಳು ಅಕ್ಟೋಬರ್ 4, 5, 7, 8, 10. ನ್ಯಾಷನಲ್ ಲೀಗ್‌ನಲ್ಲಿ 4, 6, 8, 9, 11, ಅಂದರೆ ಮೊದಲ ಪಂದ್ಯದ ನಂತರ ಇನ್ನೊಂದು ಬಿಡುವು. ಟಿವಿ ವೇಳಾಪಟ್ಟಿಗೆ ಇದು ಅನುಕೂಲ, ಆದರೆ ಪರಿಣಾಮ ಆಟದ ಮೇಲೆಯೇ. ಅಮೆರಿಕನ್ ಲೀಗ್‌ನಲ್ಲಿ 4ರಂದು ಎಸೆದವನನ್ನು 8ರಂದು ತರಬೇಕಾದರೆ ಮೂರೇ ದಿನದ ವಿಶ್ರಾಂತಿ, ಇಲ್ಲವೇ ನಾಲ್ಕನೇ ಸ್ಟಾರ್ಟರ್ ಬೇಕು. ನ್ಯಾಷನಲ್ ಲೀಗ್‌ನಲ್ಲಿ 4ರಂದು ಎಸೆದವನು 9ರಂದು ನಾಲ್ಕು ದಿನದ ಪೂರ್ತಿ ವಿಶ್ರಾಂತಿಯೊಂದಿಗೆ ಬರಬಹುದು, 6ರಂದು ಎಸೆದವನು 11ರಂದು. ಮೂವರೇ ಐದೂ ಪಂದ್ಯ ಮುಗಿಸಬಹುದು. ಮಿಲ್ವಾಕಿ-ಷಿಕಾಗೊ ಸರಣಿಯಲ್ಲಿ ಆದದ್ದೂ ಇದೇ: ಮೊದಲ ಪಂದ್ಯ ಆರಂಭಿಸಿದ ಫ್ರೆಡ್ಡಿ ಪೆರಾಲ್ಟಾ ಮತ್ತು ಮ್ಯಾಥ್ಯೂ ಬಾಯ್ಡ್ ನಾಲ್ಕನೆಯದರಲ್ಲಿ ಮತ್ತೆ ಮುಖಾಮುಖಿಯಾದರು. ವರ್ಷವಿಡೀ ಐವರು ಸ್ಟಾರ್ಟರ್‌ಗಳನ್ನು ಕಟ್ಟಿ ಬೆಳೆಸಿ ಗೆದ್ದ ತಂಡಕ್ಕೆ ಇಂಥ ಸರಣಿಯಲ್ಲಿ ಆ ಶ್ರಮದ ಫಲ ಸಿಗುವುದಿಲ್ಲ. ಇಬ್ಬರು ದೈತ್ಯ ಪಿಚರ್‌ಗಳಿದ್ದು ಉಳಿದಂತೆ ಸಾಧಾರಣವಾಗಿರುವ ತಂಡ ಅಕ್ಟೋಬರ್‌ನಲ್ಲಿ ಇದ್ದಕ್ಕಿದ್ದಂತೆ ಬಲಶಾಲಿಯಾಗುತ್ತದೆ.

ಬಿಡುವೇ ಇಲ್ಲದ ಪ್ರಯೋಗ 2020ರಲ್ಲಿ ನಡೆದಿತ್ತು. ಕೋವಿಡ್ ಕಾರಣಕ್ಕೆ ಎರಡನೇ ಸುತ್ತಿನಿಂದ ಪಂದ್ಯಗಳೆಲ್ಲ ತಟಸ್ಥ ಅಂಗಳಗಳಲ್ಲಿ ನಡೆದವು. ಪ್ರಯಾಣ ಇಲ್ಲದ್ದರಿಂದ ಡಿವಿಷನ್ ಸರಣಿ ಐದು ದಿನ ಸತತ, ಲೀಗ್ ಚಾಂಪಿಯನ್‌ಷಿಪ್ ಏಳು ದಿನ ಸತತ. ಮೂವರು ಸ್ಟಾರ್ಟರ್‌ಗಳನ್ನು ನಂಬಿ ಕೂತವರಿಗೆ ದಾರಿಯೇ ಇರಲಿಲ್ಲ. ಆ ವರ್ಷ ಎರಡೂ ಲೀಗ್‌ಗಳ ಚಾಂಪಿಯನ್‌ಷಿಪ್ ಸರಣಿ ಏಳನೇ ಪಂದ್ಯದವರೆಗೆ ಹೋಯಿತು.

ಸರಣಿ ಉದ್ದವಾದಾಗ ಪಿಚರ್‌ಗಳ ತೋಳಿನ ಮೇಲೆ ಏನಾಗುತ್ತದೆ ಎಂಬುದಕ್ಕೆ 2025ರ ವರ್ಲ್ಡ್ ಸೀರೀಸ್‌ ನೋಡಬೇಕು. ಅಕ್ಟೋಬರ್ 25ರ ಎರಡನೇ ಪಂದ್ಯವನ್ನು ಡಾಡ್ಜರ್ಸ್‌ನ ಯೊಶಿನೊಬು ಯಮಮೊಟೊ ಒಬ್ಬನೇ 105 ಎಸೆತಗಳಲ್ಲಿ ಪೂರ್ತಿ ಮುಗಿಸಿದರು. 27ರ ಮೂರನೇ ಪಂದ್ಯ 18 ಇನಿಂಗ್ಸ್ ನಡೆಯಿತು, 6 ಗಂಟೆ 39 ನಿಮಿಷ. ಬೆಳಗಿನ ಜಾವ ಎದ್ದು ನೋಡಲು ಕೂತ ಬೆಂಗಳೂರಿನವರಿಗೆ ಅದು ಮುಗಿದಾಗ ಮಧ್ಯಾಹ್ನ. ಡಾಡ್ಜರ್ಸ್ ಹತ್ತು ಪಿಚರ್‌ಗಳನ್ನು ಬಳಸಿತ್ತು. ಹತ್ತನೆಯವನಾಗಿ ಬಂದ ವಿಲ್ ಕ್ಲೈನ್ ನಾಲ್ಕು ಇನಿಂಗ್ಸ್‌ನಲ್ಲಿ 72 ಎಸೆತ ಹಾಕಿದರು, ಅವರ ಹಿಂದೆ ಎರಡು ದಿನದ ಹಿಂದಷ್ಟೇ ಪೂರ್ತಿ ಪಂದ್ಯ ಎಸೆದಿದ್ದ ಯಮಮೊಟೊ ಬದಲಿ ಪಿಚರ್‌ಗಳು ಸಿದ್ಧರಾಗುವ ಬುಲ್‌ಪೆನ್‌ನಲ್ಲಿ ತೋಳು ಬಿಸಿ ಮಾಡಿಕೊಳ್ಳುತ್ತಿದ್ದರು. ಡಾಡ್ಜರ್ಸ್‌ನ ಫ್ರೆಡ್ಡಿ ಫ್ರೀಮನ್ ಹೋಮ್ ರನ್ ಹೊಡೆದು ಪಂದ್ಯ ಮುಗಿಸಿದ್ದರಿಂದ ಯಮಮೊಟೊ ಬರಬೇಕಾಗಲಿಲ್ಲ. 31ರ ಆರನೇ ಪಂದ್ಯದಲ್ಲಿ ಯಮಮೊಟೊ 96 ಎಸೆತ. ಮರುದಿನ, ನವೆಂಬರ್ 1ರ ಏಳನೇ ಪಂದ್ಯದಲ್ಲಿ ಒಂಬತ್ತನೇ ಇನಿಂಗ್ಸ್‌ನಲ್ಲಿ ಬಂದು ಹನ್ನೊಂದನೆಯದರ ಕೊನೆಯವರೆಗೆ ಇನ್ನೂ 34. ಎರಡು ದಿನದಲ್ಲಿ 130 ಎಸೆತ. ಸರಣಿಯ ಶ್ರೇಷ್ಠ ಆಟಗಾರ ಪ್ರಶಸ್ತಿ ಅವರಿಗೇ ಬಂತು, ಅದಕ್ಕೆ ಅರ್ಹರೂ ಹೌದು. ಆದರೆ ಡಿವಿಷನ್ ಸರಣಿಯನ್ನೂ ಏಳಕ್ಕೆ ಏರಿಸಿ ಎನ್ನುವವರು ಈ ಎಸೆತಗಳನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಅಕ್ಟೋಬರ್‌ನಲ್ಲಿ ಒಂದು ತಂಡ ಆಡಬೇಕಾದ ಪಂದ್ಯಗಳು ಎರಡು ಹೆಚ್ಚಾದರೆ ಆ ಭಾರ ಬೀಳುವುದು ಇಂಥ ಒಂದೆರಡು ತೋಳುಗಳ ಮೇಲೆ.

ತವರಿನ ಅಂಗಳ, ಬಿಡುವಿನ ವಾರ

ಮೇಜರ್ ಲೀಗ್‌ನಲ್ಲಿ ತವರು ತಂಡ ಗೆಲ್ಲುವ ಪ್ರಮಾಣ ಶೇ 53-54ರಷ್ಟಿದೆ. ಬ್ಯಾಸ್ಕೆಟ್‌ಬಾಲ್‌ಗೆ ಹೋಲಿಸಿದರೆ ಇದು ಸಣ್ಣದು. ಸಮಬಲದ ಎರಡು ತಂಡಗಳಿದ್ದು, ತವರಿನಲ್ಲಿ ಶೇ 54 ಎಂದಿಟ್ಟುಕೊಂಡರೆ, ಏಳರ ಸರಣಿಯಲ್ಲಿ ಒಂದು ಪಂದ್ಯ ಹೆಚ್ಚು ತವರಿನಲ್ಲಿ ಆಡುವವರು ಸರಣಿ ಗೆಲ್ಲುವ ಸಾಧ್ಯತೆ ಶೇ 51.3. ಏಳನೇ ಪಂದ್ಯ ನಡೆಯುವುದೇ ಮೂರರಲ್ಲಿ ಒಂದು ಸಲಕ್ಕಿಂತ ಕಡಿಮೆ, ಹಾಗಾಗಿ ಅದು ತವರಿನಲ್ಲಿದ್ದರೂ ಲಾಭ ತೆಳು. ಅದೇ ಮೂರರ ಸರಣಿಯನ್ನು ಪೂರ್ತಿ ತವರಿನಲ್ಲಿ ಆಡಿದರೆ ಶೇ 56. ಗಿಡ್ಡ ಸರಣಿಯೇ ಮೇಲಿನ ಶ್ರೇಯಾಂಕದವರಿಗೆ ಹೆಚ್ಚು ಕೊಡುತ್ತಿದೆ! ಪಂದ್ಯಗಳ ಸಂಖ್ಯೆಗಿಂತ ಅವು ನಡೆಯುವ ಜಾಗ ಮುಖ್ಯ ಎಂದು ಹೇಳಿದ್ದು ಇದಕ್ಕೇ.

ಇನ್ನು ಬಿಡುವಿನ ಪ್ರಶ್ನೆ. ಮೊದಲ ಸುತ್ತು ಆಡದ ತಂಡಗಳು ಐದು ದಿನ ಸುಮ್ಮನೆ ಕೂರುತ್ತವೆ. ದಿನಾ ಬ್ಯಾಟ್ ಹಿಡಿಯುವವರಿಗೆ ಐದು ದಿನದ ಬಿಡುವು ಕೈ ಜಡವಾಗಿಸುತ್ತದೆ ಎಂಬ ದೂರು 2023ರಲ್ಲಿ ತಾರಕಕ್ಕೇರಿತು. ಆ ವರ್ಷ 104 ಗೆದ್ದ ಅಟ್ಲಾಂಟಾ, 101 ಗೆದ್ದ ಬಾಲ್ಟಿಮೋರ್, 100 ಗೆದ್ದ ಡಾಡ್ಜರ್ಸ್ ಮೂವರೂ ಡಿವಿಷನ್ ಸರಣಿಯಲ್ಲೇ ಹೊರಬಿದ್ದರು. ಬಾಲ್ಟಿಮೋರ್ ಮತ್ತು ಡಾಡ್ಜರ್ಸ್ ಒಂದೂ ಪಂದ್ಯ ಗೆಲ್ಲಲಿಲ್ಲ. ಡಾಡ್ಜರ್ಸ್‌ಗೆ ಸೋಲುಣಿಸಿದ ಅರಿಜೋನಾ ಆ ವರ್ಷ ಗೆದ್ದಿದ್ದು 84.

ಆದರೆ ಒಂದು ವರ್ಷದ ಗಾಯ ನೋಡಿ ತೀರ್ಮಾನಕ್ಕೆ ಬರಬಾರದು. 2022ರಿಂದ 2025ರವರೆಗೆ ಹೀಗೆ ಬಿಡುವು ಪಡೆದ ತಂಡಗಳು ಆಡಿದ ಡಿವಿಷನ್ ಸರಣಿ ಒಟ್ಟು 16. ಗೆದ್ದಿದ್ದು 9, ಅಂದರೆ ಶೇ 56. ಶೇ 55ರ ತಂಡ ಐದರ ಸರಣಿಯಲ್ಲಿ ಗೆಲ್ಲಬೇಕಾದ ಪ್ರಮಾಣ ಶೇ 59 ಎಂದು ಆಗಲೇ ನೋಡಿದೆವು. 16ರ ಶೇ 59 ಎಂದರೆ ಒಂಬತ್ತೂವರೆ. ಬಿಡುವಿನಿಂದ ಹಾನಿಯಾಗಿದೆ ಎನ್ನಲು ಇಲ್ಲಿ ಆಧಾರವಿಲ್ಲ. ನಮಗೆ ಅನ್ಯಾಯ ಎಂದು ತೋರುತ್ತಿರುವುದು ಬಹುತೇಕ ಬೇಸ್‌ಬಾಲ್‌ನ ಸಹಜ ಏರುಪೇರು.

ಉದ್ದ ಬದಲಾದದ್ದು ಯಾವ ಕಾರಣಕ್ಕೆ

1903ರ ಮೊದಲ ವರ್ಲ್ಡ್ ಸೀರೀಸ್‌ ಒಂಬತ್ತು ಪಂದ್ಯಗಳದ್ದಾಗಿತ್ತು. ಬಾಸ್ಟನ್ ಪಿಟ್ಸ್‌ಬರ್ಗ್ ವಿರುದ್ಧ 5-3ರಿಂದ ಗೆದ್ದಿತು. 1905ರಿಂದ ಏಳು. ಮೊದಲ ಮಹಾಯುದ್ಧ ಮುಗಿದು ಜನ ಮತ್ತೆ ಅಂಗಳಕ್ಕೆ ನುಗ್ಗಿದಾಗ, 1919ರಿಂದ 1921ರವರೆಗೆ ಮೂರು ವರ್ಷ ಮತ್ತೆ ಒಂಬತ್ತು. ಬೇಕೆಂದೇ ಸೋತ ಆರೋಪದಲ್ಲಿ ಷಿಕಾಗೊ ವೈಟ್ ಸಾಕ್ಸ್‌ನ ಎಂಟು ಆಟಗಾರರು ಆಜೀವ ನಿಷೇಧಕ್ಕೆ ಒಳಗಾದ ಆ ಕುಖ್ಯಾತ 1919ರ ಸರಣಿಯಲ್ಲಿ ಸಿನ್ಸಿನಾಟಿ ಐದು ಪಂದ್ಯಕ್ಕೇ 4-1ರಿಂದ ಮುಂದಿತ್ತು. ಏಳರ ಸರಣಿಯಾಗಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು, ಒಂಬತ್ತರದ್ದಾದ್ದರಿಂದ ಎಂಟನೇ ಪಂದ್ಯದವರೆಗೆ ಎಳೆಯಿತು. 1922ರಿಂದ ಇಂದಿನವರೆಗೆ ಏಳೇ.

ಇಲ್ಲಿ ಹಣದ ಒಂದು ಜಾಣ ನಿಯಮವನ್ನು ಹೇಳಲೇಬೇಕು. ಎರಡನೇ ಸುತ್ತಿನಿಂದ ಮುಂದಕ್ಕೆ ಆಟಗಾರರಿಗೆ ಸೇರುವ ಪ್ಲೇಆಫ್ ನಿಧಿಗೆ ಟಿಕೆಟ್ ಹಣದ ಶೇ 60 ಹೋಗುತ್ತದೆ, ಆದರೆ ಡಿವಿಷನ್ ಸರಣಿಯ ಮೊದಲ ಮೂರು ಪಂದ್ಯಗಳಿಂದ ಮತ್ತು ಮುಂದಿನ ಸುತ್ತುಗಳ ಮೊದಲ ನಾಲ್ಕು ಪಂದ್ಯಗಳಿಂದ ಮಾತ್ರ. ಸರಣಿ ಮುಗಿಯಲು ಕನಿಷ್ಠ ಎಷ್ಟು ಪಂದ್ಯ ಬೇಕೋ ಅಷ್ಟಕ್ಕೇ ಆಟಗಾರರ ಪಾಲು ಸೀಮಿತ. ಬೇಕೆಂದೇ ಒಂದು ಪಂದ್ಯ ಸೋತು ಸರಣಿ ಎಳೆಯುವುದರಿಂದ ಅವರಿಗೆ ನಯಾಪೈಸೆ ಲಾಭವಿಲ್ಲ. ಹೆಚ್ಚುವರಿ ಪಂದ್ಯಗಳ ಹಣ ಮಾಲೀಕರಿಗೆ ಸೇರುತ್ತದೆ. ಉದ್ದದ ಸರಣಿ ಯಾರಿಗೆ ಹೆಚ್ಚು ಇಷ್ಟ ಎಂಬುದು ಇದರಿಂದಲೇ ತಿಳಿಯುತ್ತದೆ.

1969ರಲ್ಲಿ ಲೀಗ್‌ಗಳು ಡಿವಿಷನ್‌ಗಳಾಗಿ ಒಡೆದಾಗ ಲೀಗ್ ಚಾಂಪಿಯನ್‌ಷಿಪ್ ಸರಣಿ ಬಂತು. ಡಿವಿಷನ್ ಸರಣಿ ಪ್ರತಿ ವರ್ಷದ ಸುತ್ತಾಗಿದ್ದು 1995ರಿಂದ. 2012ರಲ್ಲಿ ಒಂದೇ ಪಂದ್ಯದ ವೈಲ್ಡ್ ಕಾರ್ಡ್ ಸುತ್ತು ಸೇರಿತು, ಅದು ಕ್ರೂರವಾಗಿತ್ತು. 2015ರಲ್ಲಿ 98 ಗೆದ್ದ ಪಿಟ್ಸ್‌ಬರ್ಗ್ 97 ಗೆದ್ದ ಷಿಕಾಗೊ ಕಬ್ಸ್ ಎದುರು ಒಂದೇ ರಾತ್ರಿಯಲ್ಲಿ ಮನೆಗೆ ಹೋಯಿತು. 2021ರಲ್ಲಿ 106 ಗೆದ್ದ ಡಾಡ್ಜರ್ಸ್ ಅದೇ ಕತ್ತಿಯಂಚಿನಿಂದ ಪಾರಾಗಿ, 107 ಗೆದ್ದ ಸ್ಯಾನ್ ಫ್ರಾನ್ಸಿಸ್ಕೊ ಜೈಂಟ್ಸನ್ನು ಐದರ ಸರಣಿಯಲ್ಲಿ 3-2ರಿಂದ ಸೋಲಿಸಿತು. ದೇಶದ ಎರಡು ಅತ್ಯುತ್ತಮ ತಂಡಗಳು ಎರಡನೇ ಸುತ್ತಿನಲ್ಲೇ ಹೊಡೆದಾಡಿಕೊಂಡವು, ಆ ವರ್ಷ ಚಾಂಪಿಯನ್ ಆಗಿದ್ದು 88 ಗೆದ್ದ ಅಟ್ಲಾಂಟಾ. ಮರುವರ್ಷದಿಂದ ಒಂದರ ಬದಲು ಮೂರು ಪಂದ್ಯ. ಇದು ಸರಿಯಾದ ತಿದ್ದುಪಡಿ ಎಂದೇ ನನ್ನ ಅಭಿಪ್ರಾಯ. ಸಾಧ್ಯತೆಯ ಅಂಕಿ ಹೆಚ್ಚೇನೂ ಬದಲಾಗದಿದ್ದರೂ, ಆರು ತಿಂಗಳು ಆಡಿದ ತಂಡ ಒಬ್ಬನೇ ಪಿಚರ್‌ನ ಒಂದು ಒಳ್ಳೆಯ ರಾತ್ರಿಗೆ ಬಲಿಯಾಗುವುದು ತಪ್ಪಿತು. ಆದರೂ ಮೊದಲ ಪಂದ್ಯದ ಹಿಡಿತ ಬಿಗಿಯಾಗಿಯೇ ಇದೆ. ಹೊಸ ಕ್ರಮ ಬಂದ ಮೊದಲ ಮೂರು ವರ್ಷದ 12 ಸರಣಿಗಳನ್ನೂ ಗೆದ್ದಿದ್ದು ಮೊದಲ ಪಂದ್ಯ ಗೆದ್ದವರೇ. 2025ರಲ್ಲಿ ನ್ಯೂಯಾರ್ಕ್ ಯಾಂಕೀಸ್ ಮೊದಲನೆಯದನ್ನು ಸೋತು ಬಾಸ್ಟನ್ ವಿರುದ್ಧ ಗೆದ್ದಾಗಲೇ ಆ ಸಾಲು ಮುರಿದದ್ದು.

ಜಪಾನ್, ಕೊರಿಯಾ ಹಿಡಿದ ದಾರಿ

ಲೀಗ್ ಹಂತದ ಸಾಧನೆಗೆ ಬೆಲೆ ಕೊಡಬೇಕೆಂದರೆ ಸರಣಿಯನ್ನು ಹಿಗ್ಗಿಸುವುದೊಂದೇ ದಾರಿಯಲ್ಲ. ಐಪಿಎಲ್‌ನಲ್ಲಿ ಮೊದಲೆರಡು ಸ್ಥಾನದವರಿಗೆ ಒಂದು ಪಂದ್ಯ ಸೋತರೂ ಎರಡನೇ ಅವಕಾಶ ಇರುವುದು ನಮಗೆಲ್ಲ ಗೊತ್ತು. ಜಪಾನಿನ ವೃತ್ತಿಪರ ಬೇಸ್‌ಬಾಲ್ ಇನ್ನೂ ಮುಂದೆ ಹೋಗಿದೆ. ಅಲ್ಲಿಯ ಕ್ಲೈಮ್ಯಾಕ್ಸ್ ಸೀರೀಸ್‌ನಲ್ಲಿ ಎರಡು ಮತ್ತು ಮೂರನೇ ಸ್ಥಾನದವರು ಮೂರರ ಸರಣಿ ಆಡುತ್ತಾರೆ. ಗೆದ್ದವರು ಲೀಗ್ ಅಗ್ರಸ್ಥಾನಿಯನ್ನು ಎದುರಿಸುವ ಅಂತಿಮ ಹಂತ ಪೂರ್ತಿ ಅಗ್ರಸ್ಥಾನಿಯ ಅಂಗಳದಲ್ಲಿ, ಅದೂ ಒಂದು ಗೆಲುವಿನ ಮುನ್ನಡೆಯೊಂದಿಗೆ ಶುರುವಾಗುತ್ತದೆ. ನಾಲ್ಕು ಗೆಲುವು ಬೇಕಾದಲ್ಲಿ ಅಗ್ರಸ್ಥಾನಿಗೆ ಮೂರು ಸಾಕು. ಶೇ 55ರ ತಂಡಕ್ಕೆ ಇದರಿಂದ ಶೇ 74.5ರ ಸಾಧ್ಯತೆ ಸಿಗುತ್ತದೆ, ತವರಿನ ಅನುಕೂಲ ಬೇರೆ. ಅಷ್ಟಾದರೂ ರೋಮಾಂಚನ ಸತ್ತಿಲ್ಲ. 2024ರಲ್ಲಿ ಸೆಂಟ್ರಲ್ ಲೀಗ್‌ನ ಮೂರನೇ ಸ್ಥಾನದಿಂದ ಬಂದ ಡಿಎನ್‌ಎ ಬೇಸ್ಟಾರ್ಸ್ ಎಲ್ಲರನ್ನೂ ದಾಟಿ ಜಪಾನ್ ಸೀರೀಸ್ ಗೆದ್ದಿತು.

ಕೊರಿಯಾದಲ್ಲಿ ಮೆಟ್ಟಿಲಿನ ಕ್ರಮ. ಐದನೆಯವರು ನಾಲ್ಕನೆಯವರನ್ನು ಎದುರಿಸುತ್ತಾರೆ, ನಾಲ್ಕನೆಯವರಿಗೆ ಒಂದು ಗೆಲುವು ಅಥವಾ ಒಂದು ಸಮ ಸಾಕು, ಐದನೆಯವರು ಎರಡನ್ನೂ ಗೆಲ್ಲಬೇಕು. ಗೆದ್ದವರು ಮೂರನೆಯವರ ವಿರುದ್ಧ ಐದರ ಸರಣಿ, ನಂತರ ಎರಡನೆಯವರ ವಿರುದ್ಧ ಐದರ ಸರಣಿ. ಮೊದಲ ಸ್ಥಾನದವರು ಏಳರ ಕೊರಿಯನ್ ಸೀರೀಸ್‌ನಲ್ಲಿ ಕಾಯುತ್ತಿರುತ್ತಾರೆ. 2015ರಲ್ಲಿ ಶುರುವಾದ ವೈಲ್ಡ್ ಕಾರ್ಡ್ ಸುತ್ತಿನಲ್ಲಿ ಐದನೇ ಸ್ಥಾನದ ತಂಡವೊಂದು ಮೊದಲ ಸಲ ದಾಟಿದ್ದು 2024ರಲ್ಲಿ, ಕೆಟಿ ವಿಜ್.

ಅಮೆರಿಕದ ಡಿವಿಷನ್ ಸರಣಿಗೆ ಇದನ್ನು ಅನ್ವಯಿಸಿ ನೋಡಿ. ಐದರ ಸರಣಿಯನ್ನು ಬಿಡುವು ಪಡೆದ ತಂಡ 1-0ಯಿಂದ ಆರಂಭಿಸಿದರೆ ಶೇ 59.3 ಇದ್ದುದು ಶೇ 75.9ಕ್ಕೆ ಜಿಗಿಯುತ್ತದೆ. ಏಳಕ್ಕೆ ಏರಿಸಿದಾಗ ಸಿಗುವ ಒಂದೂವರೆಯ ಪಕ್ಕ ಇದು ಹದಿನಾರಕ್ಕೂ ಹೆಚ್ಚು. ನನಗೆ ಇದು ಹೆಚ್ಚಾಯಿತು ಅನ್ನಿಸುತ್ತದೆ, ಆಡದ ಪಂದ್ಯವನ್ನು ಗೆದ್ದಂತೆ ಬರೆದುಕೊಳ್ಳುವುದನ್ನು ಅಲ್ಲಿಯ ಪ್ರೇಕ್ಷಕರು ಒಪ್ಪುವುದೂ ಕಷ್ಟ. ಜಪಾನಿನಿಂದ ಎರವಲು ಪಡೆಯಬೇಕಾದದ್ದು ಇನ್ನೊಂದು ಅಂಶ: ಐದೂ ಪಂದ್ಯಗಳನ್ನು ಮೇಲಿನ ಶ್ರೇಯಾಂಕದವರ ಅಂಗಳದಲ್ಲಿ, ಐದು ದಿನ ಸತತವಾಗಿ ಆಡಿಸುವುದು. ಶೇ 55ರ ತಂಡಕ್ಕೆ ತವರಿನ ನಾಲ್ಕು ಅಂಶ ಸೇರಿಸಿದರೆ ಸರಣಿ ಗೆಲ್ಲುವ ಸಾಧ್ಯತೆ ಶೇ 66.5 ಆಗುತ್ತದೆ, ಈಗಿನ 2-2-1ರಲ್ಲಿ ಅದು ಶೇ 61ರ ಹತ್ತಿರ. ಬಿಡುವಿನ ದಿನಗಳಿಲ್ಲದ್ದರಿಂದ ನಾಲ್ಕನೇ, ಐದನೇ ಸ್ಟಾರ್ಟರ್ ಕೂಡ ಬೇಕಾಗುತ್ತಾರೆ, ವರ್ಷವಿಡೀ ತಂಡ ಕಟ್ಟಿದ ರೀತಿಗೆ ಬೆಲೆ ಬರುತ್ತದೆ. ಏಳು ಅಥವಾ ಎಂಟು ದಿನ ಹಿಡಿಯುವ ಸುತ್ತು ಐದೇ ದಿನದಲ್ಲಿ ಮುಗಿಯುತ್ತದೆ. ಈಗಲೇ ವರ್ಲ್ಡ್ ಸೀರೀಸ್‌ ನವೆಂಬರ್ ಮುಟ್ಟುತ್ತಿದೆ. ಡಿವಿಷನ್ ಸರಣಿಯನ್ನು ಏಳಕ್ಕೆ ಏರಿಸಿದರೆ ಇನ್ನೂ ಒಂದೆರಡು ದಿನ ಬೇಕು, ಮಿನಿಯಾಪೊಲಿಸ್, ಡೆನ್ವರ್‌ನಂಥ ಚಳಿಯ ಊರುಗಳಿಗೆ ಆ ದಿನಗಳು ಹಗುರವಲ್ಲ. ಲೀಗ್ ಹಂತವನ್ನು 1960ರ ದಶಕಕ್ಕೆ ಮುಂಚಿನಂತೆ 154 ಪಂದ್ಯಕ್ಕೆ ಇಳಿಸಿ ಜಾಗ ಮಾಡಬಹುದು, ಆದರೆ ಪ್ರತಿ ತಂಡಕ್ಕೂ ನಾಲ್ಕು ತವರು ಪಂದ್ಯಗಳ ಆದಾಯ ಹೋಗುತ್ತದೆ. ಅದನ್ನು ಮಾಲೀಕರು ಸುಲಭಕ್ಕೆ ಬಿಟ್ಟುಕೊಡುವುದಿಲ್ಲ.

ಈ ಸಲಹೆಗೂ ಬೆಲೆ ತೆರಬೇಕಾದವರಿದ್ದಾರೆ. 5 ಅಥವಾ 6ನೇ ಶ್ರೇಯಾಂಕದಿಂದ ಬಂದ ತಂಡ ಮೊದಲ ಸುತ್ತನ್ನು ಪೂರ್ತಿ ಹೊರ ಊರಿನಲ್ಲಿ ಆಡಿರುತ್ತದೆ. ಎರಡನೇ ಸುತ್ತೂ ಹೊರಗೇ ಆದರೆ ಅದರ ಊರಿನವರು ಲೀಗ್ ಚಾಂಪಿಯನ್‌ಷಿಪ್‌ವರೆಗೆ ಒಂದೂ ಪ್ಲೇಆಫ್ ಪಂದ್ಯ ಕಣ್ಣಾರೆ ನೋಡುವಂತಿಲ್ಲ. 2024ರಲ್ಲಿ 6ನೇ ಶ್ರೇಯಾಂಕದ ಡೆಟ್ರಾಯಿಟ್ ಟೈಗರ್ಸ್ ಹ್ಯೂಸ್ಟನ್‌ನಲ್ಲಿ ಗೆದ್ದು ಬಂದು, ಕ್ಲೀವ್‌ಲ್ಯಾಂಡ್ ವಿರುದ್ಧದ ಮೂರು ಮತ್ತು ನಾಲ್ಕನೇ ಪಂದ್ಯಗಳನ್ನು ತವರಿನಲ್ಲಿ ಆಡಿತು. ಹತ್ತು ವರ್ಷದ ನಂತರ ಆ ಊರಿಗೆ ಬಂದ ಪ್ಲೇಆಫ್ ಅದು. ಸರಣಿಯನ್ನು ಟೈಗರ್ಸ್ 2-3ರಿಂದ ಸೋತಿತು, ಹಾಗಾಗಿ ಎಲ್ಲ ಪಂದ್ಯಗಳೂ ಕ್ಲೀವ್‌ಲ್ಯಾಂಡಿನಲ್ಲೇ ನಡೆದಿದ್ದರೆ ಡೆಟ್ರಾಯಿಟ್‌ಗೆ ಆ ಎರಡು ರಾತ್ರಿಗಳೂ ದಕ್ಕುತ್ತಿರಲಿಲ್ಲ. ಇದನ್ನು ಲಘುವಾಗಿ ತಳ್ಳಿಹಾಕುವಂತಿಲ್ಲ. ನಡುವಿನ ದಾರಿ 2-1-2: ಮೂರನೇ ಪಂದ್ಯ ಮಾತ್ರ ಕೆಳಗಿನವರ ಊರಿನಲ್ಲಿ. ನಾಲ್ಕು ಪಂದ್ಯ ಮೇಲಿನವರಿಗೆ ಸಿಗುತ್ತವೆ, ಆದರೆ ಎರಡು ಸಲ ಪ್ರಯಾಣ ಮಾಡಬೇಕಾದ್ದರಿಂದ ಬಿಡುವಿನ ದಿನಗಳು ಮತ್ತೆ ಬಂದು ಕೂರುತ್ತವೆ, ಪಿಚರ್‌ಗಳ ಆಳದ ಪರೀಕ್ಷೆ ಕೈಬಿಟ್ಟಂತಾಗುತ್ತದೆ.

ಮಾಲೀಕರು ಮತ್ತು ಆಟಗಾರರ ಸಂಘದ ನಡುವಿನ ಈಗಿನ ಒಪ್ಪಂದದ ಅವಧಿ 2026ರ ಡಿಸೆಂಬರ್ 1ರವರೆಗೆ. 2022ರ ಮಾತುಕತೆಯಲ್ಲಿ ಮಾಲೀಕರು 14 ತಂಡಗಳ ಪ್ಲೇಆಫ್ ಕೇಳಿ 12ಕ್ಕೆ ಒಪ್ಪಿದ್ದರು. ಲೀಗನ್ನು 32 ತಂಡಗಳಿಗೆ ವಿಸ್ತರಿಸುವ ಇಂಗಿತವನ್ನು ಕಮಿಷನರ್ ರಾಬ್ ಮ್ಯಾನ್‌ಫ್ರೆಡ್ ಬಹಿರಂಗವಾಗಿಯೇ ಹೇಳಿದ್ದಾರೆ, ಆದ್ದರಿಂದ ಪ್ಲೇಆಫ್ ತಂಡಗಳ ಸಂಖ್ಯೆಯ ಪ್ರಶ್ನೆ ಮತ್ತೆ ಏಳಬಹುದು. 14 ತಂಡಗಳಾದರೆ ಪ್ರತಿ ಲೀಗ್‌ನಲ್ಲಿ ಒಬ್ಬರಿಗೆ ಮಾತ್ರ ಮೊದಲ ಸುತ್ತು ತಪ್ಪಿಸಿಕೊಳ್ಳುವ ಹಕ್ಕು ಉಳಿಯುತ್ತದೆ, ಎರಡನೇ ಶ್ರೇಯಾಂಕದವರ ಶೇ 22 ಆಗ ಶೇ 12.6ಕ್ಕೆ ಕುಸಿಯುತ್ತದೆ. ಡಿವಿಷನ್ ಸರಣಿಗೆ ಎರಡು ಪಂದ್ಯ ಸೇರಿಸಿ ಆ ನಷ್ಟ ತುಂಬಿಕೊಡಲು ಆಗದು. ಆಟಗಾರರ ಸಂಘ ಪಟ್ಟು ಹಿಡಿಯಬೇಕಾದದ್ದು ಈ ಹಕ್ಕನ್ನು ಇಬ್ಬರಿಗೂ ಉಳಿಸುವುದಕ್ಕೆ ಮತ್ತು ಎರಡೂ ಲೀಗ್‌ನ ಡಿವಿಷನ್ ಸರಣಿಗೆ ಬಿಡುವಿನ ದಿನಗಳು ಒಂದೇ ಸಮ ಇರುವಂತೆ ನೋಡಿಕೊಳ್ಳುವುದಕ್ಕೆ.